ಕೀಲಿಕೈಯ ಹಿಂದೆ

ಪೂರಾ ಕೆಟ್ಟುಹೋದ ವಸ್ತುವಿನೊಡನೆ ಮನುಷ್ಯನು ಹೇಗೋ ರಾಜಿಯಾಗಬಲ್ಲನು. ಆದರೆ ಒಮ್ಮೆ ನಡೆದು ಒಮ್ಮೆ ನಿಲ್ಲುವ, ಏಕೆ ನಡೆಯಿತೆಂಬುದಕ್ಕಾಗಲಿ ಏಕೆ ನಿಂತಿತೆಂಬುದಕ್ಕಾಗಲಿ ಸುಳಿವನ್ನೇ ಕೊಡದ ವಸ್ತುವಿನೊಡನೆ ಸಂಸಾರ ಮಾಡುವುದು ಬಹು ಕಷ್ಟ. ನಿಂತೇಹೋದ ಗಡಿಯಾರವನ್ನು ಗೋಡೆಯಿಂದಿಳಿಸಿ ರಿಪೇರಿಗೆ ಕೊಡುತ್ತೇವೆ. ಮನಸ್ಸು ಬಂದಾಗ ನಡೆಯುವ ಗಡಿಯಾರವನ್ನಾದರೋ, ನಾಳೆ ತಾನಾಗಿಯೇ ಸರಿಹೋದೀತೆಂಬ ಆಶೆಯಿಂದ ವರ್ಷಗಟ್ಟಲೆ ಗೋಡೆಯ ಮೇಲೆಯೇ ಬಿಟ್ಟಿರುತ್ತೇವೆ. ನಮ್ಮ ಮನೆಯ ಹಳೆಯ ಫಿಯೆಟ್ ಕಾರಿನ ಇಗ್ನಿಶನ್ ಸ್ವಿಚ್ಚು ಇಂತಹ ಆಶೆಯನ್ನು ಹುಟ್ಟಿಸುತ್ತಲೂ ಮುರಿಯುತ್ತಲೂ ಒಂದು ಮಳೆಗಾಲವನ್ನು ಕಳೆದು ಚಳಿಗಾಲಕ್ಕೆ ಕಾಲಿಟ್ಟಿತು. ಕೀಲಿಕೈ ತಿರುಗಿಸಿದರೆ ಒಂದು ದಿನ ಎಂಜಿನ್ನು ಕೂಡಲೇ ಓಗೊಡುವುದು. ಮರುದಿನ ಅದೇ ಹೊತ್ತಿಗೆ, ಅದೇ ಕೈಯಿಂದ, ಅದೇ ರೀತಿಯಲ್ಲಿ ತಿರುಗಿಸಿದರೂ ಡ್ಯಾಶ್‌ಬೋರ್ಡಿನ ಕೆಂಪು ದೀಪ ಬೆಳಗುವುದಲ್ಲದೆ ಸೆಲ್ಫು ಕಮಕ್ ಕಿಮಕ್ ಎನ್ನದು.

ಇಂತಹ ವಸ್ತು ಇರುವ ಮನೆಯಲ್ಲಿ ಅದರದೇ ಒಂದು ವಿದ್ಯೆ ಬೆಳೆಯುತ್ತದೆ. ನಮ್ಮ ಅಜ್ಜನ ಮನೆಯ ಹಿತ್ತಿಲ ಬಾಗಿಲಿನ ಅಗುಳಿ ತೆಗೆಯಬೇಕಾದರೆ ಬಾಗಿಲನ್ನು ಮೊದಲು ತುಸು ಮೇಲಕ್ಕೆತ್ತಿ, ಕೆಳಗಡೆ ಮೊಣಕಾಲಿನಿಂದ ಒತ್ತಿ ಹಿಡಿದು, ಅನಂತರ ಅಗುಳಿಯನ್ನು ಸರಿಸಬೇಕಾಗಿತ್ತು. ಮನೆಗೆ ಹೊಸದಾಗಿ ಬಂದ ಸೊಸೆಯಂದಿರಿಗೆ ಅಜ್ಜಿ ಮೊದಲು ಹೇಳಿಕೊಡುತ್ತಿದ್ದ ಗುಟ್ಟುಗಳಲ್ಲಿ ಅದೂ ಒಂದು. ಯಾವ ದಿನ ಸೊಸೆಯು ಬೆಳಗಿನ ಜಾವದ ಕತ್ತಲಲ್ಲಿ ಸದ್ದಿಲ್ಲದೆ ಆ ಬಾಗಿಲನ್ನು ತೆರೆದು ನೀರೊಲೆಗೆ ಉರಿ ಹಾಕಲು ಹೋದಳೋ ಆ ದಿನದಿಂದ ಅವಳು ಆ ಮನೆಯವಳಾದಳೆಂದು ಅಜ್ಜಿಯ ಲೆಕ್ಕ. ನಡುಮನೆಯ ವಾಲ್ವು ರೇಡಿಯೋ ಬಿಸಿಯೇರುವ ತನಕ ಕಾದು, ಅದರ ಬಲಮಗ್ಗುಲಿಗೆ ಅಂಗೈಯಿಂದ ಒಮ್ಮೆ ತಟ್ಟಿದರಷ್ಟೆ ಮೈಸೂರು ಆಕಾಶವಾಣಿಯ ಧ್ವನಿ ಹೊರಡುತ್ತಿತ್ತು, ಮತ್ತು ಎಷ್ಟು ಬಲವಾಗಿ ತಟ್ಟಬೇಕೆಂಬುದು ಚಿಕ್ಕಪ್ಪನೊಬ್ಬನಿಗೇ ಗೊತ್ತಿತ್ತು. ಈ ಕಾರಿನ ವಿಷಯದಲ್ಲಿ ಆ ವಿದ್ಯೆ ಒಲಿದದ್ದು ನನ್ನ ಹೆಂಡತಿಗೆ. ಕೀಲಿಕೈಯನ್ನು ಪೂರ್ತಿ ಒಳಕ್ಕೆ ತಳ್ಳಿ, ಕೂದಲೆಳೆಯಷ್ಟು ಹಿಂದಕ್ಕೆಳೆದು, ಕೆಳಮುಖವಾಗಿ ಒತ್ತಿಕೊಂಡು ತಿರುಗಿಸಿದರೆ ಎಂಜಿನ್ನು ಹೊರಡುವುದೆಂದು ಆಕೆ ಕಂಡುಹಿಡಿದಳು. ಆಕೆಯ ಕೈಗೆ ಸ್ವಿಚ್ಚು ತಪ್ಪದೆ ಸಿಗುತ್ತಿದ್ದುದರಿಂದ, ರೋಗವಿದೆಯೆಂಬುದೇ ಮನೆಯವರಿಗೆ ಮರೆತುಹೋಗುವಷ್ಟು ಕಾಲ ಆ ಕಾರು ಹಾಗೆಯೇ ಓಡಾಡಿಕೊಂಡಿತ್ತು.

ಕಾರು ನಮ್ಮ ತಂದೆಯವರದು. ಅವರನ್ನು ನಾವು ಅಣ್ಣ ಎಂದೇ ಕರೆಯುತ್ತಿದ್ದೆವು. ಹಣ ಕಟ್ಟಿ, ಹೆಸರು ಬರೆಸಿ, ಸರದಿ ಬರುವ ತನಕ ವರ್ಷಗಟ್ಟಲೆ ಕಾಯಬೇಕಾಗಿದ್ದ ಕಾಲದಲ್ಲಿ ಅಣ್ಣ ಅದನ್ನು ಕೊಂಡರು. 1974ರಿಂದ ಅದರ ನಾಮಧೇಯ ಪ್ರೀಮಿಯರ್ ಪದ್ಮಿನಿ ಎಂದಾಗಿದ್ದರೂ, ಜನರ ಬಾಯಲ್ಲಿ ಅದು ಕೊನೆಯ ತನಕ ಫಿಯೆಟ್ ಆಗಿಯೇ ಉಳಿಯಿತು. 1089 ಸಿ.ಸಿ.ಯ ಪುಟ್ಟ ಎಂಜಿನ್ನು, ಸ್ಟಿಯರಿಂಗಿನ ಪಕ್ಕದಲ್ಲೇ ಗೇರಿನ ಕೋಲು, ಒಳಗೆ ಬರಿಯ ತಗಡಿನ ಡ್ಯಾಶ್‌ಬೋರ್ಡು, ಎಳೆಯುವುದಕ್ಕೊಂದು ಚೋಕು, ತಿರುಗಿಸುವುದಕ್ಕೊಂದು ಕೀಲಿಕೈ: ಕಾರಿನಲ್ಲಿ ಏನೇನಿದೆಯೆಂಬುದು ಕಾರಿನಲ್ಲಿ ಕುಳಿತವನಿಗೆ ಕಾಣುತ್ತಿದ್ದ ಕಾಲ ಅದು. ಇಷ್ಟು ದಶಕಗಳ ಕಾಲ ದಿನವೂ ತಿರುಗಿದ ಸ್ವಿಚ್ಚು ಈಗ ದಣಿಯಿತೆಂದರೆ ಮಾಡಿದವರ ಮೇಲೆ ದೂರು ಹೇಳುವಂತಿಲ್ಲ.

ಕಾರ್ತಿಕ ಮಾಸದ ಕೊನೆಯ ಸೋಮವಾರ ನಮ್ಮ ಬಸವನಗುಡಿಯಲ್ಲಿ ಕಡಲೆಕಾಯಿ ಪರಿಷೆ. ಹಿಂದಿನ ದಿನದ ಹೊತ್ತಿಗೇ ದೊಡ್ಡ ಬಸವಣ್ಣನ ಗುಡಿಯ ರಸ್ತೆಯ ಎರಡು ಅಂಚಿಗೂ ಗೋಣಿಚೀಲಗಳು ಬಿಚ್ಚಿಕೊಂಡು, ಹಸಿ ಕಾಯಿ, ಹುರಿದ ಕಾಯಿ, ಗಟ್ಟಿ ಕಾಯಿ ಎಂದು ರಾಶಿಗಳು ಏಳುತ್ತವೆ. ಅಂಥ ಒಂದು ಸಂಜೆ, ರಾಶಿಗಳ ನಡುವೆ ಉಳಿದಿದ್ದ ಇಕ್ಕಟ್ಟಿನ ದಾರಿಯಲ್ಲಿ ನಡಿಗೆಯ ವೇಗಕ್ಕಿಂತಲೂ ಮೆಲ್ಲಗೆ ಹೋಗುತ್ತಿದ್ದಾಗ, ಮುಂದಿನ ಚಕ್ರವು ರಸ್ತೆಯ ಉಬ್ಬೊಂದನ್ನು ಹತ್ತಿಳಿಯಿತು, ಕೀಲಿಗೊಂಚಲು ಒಮ್ಮೆ ಜೋಲಾಡಿತು, ಎಂಜಿನ್ನು ನಿಂತುಹೋಯಿತು. ಈ ಸಲ ನನ್ನ ಹೆಂಡತಿಯ ವಿದ್ಯೆಗೂ ಅದು ಬಗ್ಗಲಿಲ್ಲ. ಹಿಂದೆ ಹಾರ್ನುಗಳ ಸಂತೆ. ಎಲ್ಲಿಂದಲೋ ನಾಲ್ಕಾರು ಹುಡುಗರು ಬಂದು ಕಾರಿನ ಬೆನ್ನಿಗೆ ಕೈಕೊಟ್ಟರು. ರಾಶಿಯ ಹಿಂದೆ ಕುಳಿತಿದ್ದ ಮುದುಕಿ ಸೇರನ್ನು ಎತ್ತಿ ಹಿಡಿದು, “ಮೆಲ್ಲಗೆ ತಳ್ರಪ್ಪೋ, ಚಕ್ರ ನನ್ ಕಾಯ್ ಮ್ಯಾಗ್ ಅತ್ತೀತು!” ಎಂದು ಕೂಗುತ್ತಿದ್ದಳು. ನಾನು ಎಡಗೈಯಿಂದ ಸ್ಟಿಯರಿಂಗನ್ನು ಹಿಡಿದು, ಬಲಗೈಯಿಂದ ಕೀಲಿಕೈಯನ್ನು ಅದು ಒಪ್ಪುವ ಒಂದೇ ಒಂದು ಓರೆಯಲ್ಲಿ ಒತ್ತಿಕೊಂಡು, ಎರಡನೆಯ ಗೇರಿನಲ್ಲಿ ಕ್ಲಚ್ಚನ್ನು ಬಿಟ್ಟಾಗ ಎಂಜಿನ್ನು ಒಮ್ಮೆ ಕೆಮ್ಮಿ ಜೀವ ತಳೆಯಿತು. ಆ ಹುಡುಗರಲ್ಲಿ ಒಬ್ಬನ ಮುಖವನ್ನೂ ನನಗೆ ಸರಿಯಾಗಿ ನೋಡಲಾಗಲಿಲ್ಲ. ಕಾರು ಹೊರಟೊಡನೆ ಅವರು ತಮ್ಮ ಪಾಡಿಗೆ ತಾವು ಜನರಲ್ಲಿ ಬೆರೆತುಹೋದರು. ನಮ್ಮ ಊರುಗಳ ಸೌಜನ್ಯವನ್ನು ಕುರಿತು ಯಾರಾದರೂ ಹಗುರವಾಗಿ ಮಾತನಾಡಿದಾಗಲೆಲ್ಲ, ನಿಂತ ಕಾರನ್ನು ಕೇಳದೆಯೇ ತಳ್ಳಿ, ವಂದನೆಗೂ ಕಾಯದೆ ಹೋಗುವ ಇಂಥ ಹುಡುಗರ ನೆನಪು ನನಗಾಗುತ್ತದೆ.

ಎಂಜಿನ್ನನ್ನು ಎಬ್ಬಿಸುವುದಕ್ಕೆ ಮನುಷ್ಯನ ತೋಳಿನ ಬಲ ಬೇಕಾಗುತ್ತಿದ್ದ ಕಾಲವನ್ನು ನಾನು ಕಣ್ಣಾರೆ ಕಂಡಿದ್ದೇನೆ. ನಮ್ಮ ಹಳ್ಳಿಯಲ್ಲಿ ರಾತ್ರಿ ತಂಗಿ ಬೆಳಿಗ್ಗೆ ಪೇಟೆಗೆ ಹೊರಡುತ್ತಿದ್ದ ಬಸ್ಸಿನ ಕ್ಲೀನರು ಉದ್ದನೆಯ ಹ್ಯಾಂಡಲನ್ನು ಮೂತಿಯ ತೂತಿಗೆ ತುರುಕಿ, ಕಾಲುಗಳನ್ನು ಅಗಲಿಸಿ ನಿಂತು, ಉಸಿರು ಬಿಗಿಹಿಡಿದು ತಿರುವುತ್ತಿದ್ದನು. ಇಬ್ಬನಿಯ ಬೆಳಗಿನಲ್ಲಿ ಅವನ ಬೆನ್ನಿನಿಂದ ಹಬೆಯಾಡುತ್ತಿತ್ತು. ಅಣ್ಣನ ಸ್ನೇಹಿತರೊಬ್ಬರ ಅಂಬಾಸಡರ್ ಕಾರಿನಲ್ಲಿಯೂ ಅಂಥದೊಂದು ಹ್ಯಾಂಡಲು ಇರುತ್ತಿತ್ತು. ಅದನ್ನು ಹಿಡಿಯುವ ಬಗೆಯನ್ನು ಅಣ್ಣ ನನಗೆ ಕಲಿಸಿದ್ದು ಇಂದಿಗೂ ಕೈಯಲ್ಲಿಯೇ ಇದೆ. ಹೆಬ್ಬೆರಳನ್ನು ಹಿಡಿಯ ಸುತ್ತ ಸುತ್ತಬಾರದು. ಉಳಿದ ನಾಲ್ಕು ಬೆರಳುಗಳ ಪಕ್ಕದಲ್ಲಿಯೇ ಅದನ್ನೂ ಮಡಿಸಿಟ್ಟುಕೊಂಡು, ಕೆಳಗಿನಿಂದ ಮೇಲಕ್ಕೆ ಎಳೆಯಬೇಕು. ಕಿಡಿಯು ಹೊತ್ತಿಗೆ ಮುಂಚೆ ಹಾರಿದರೆ ಎಂಜಿನ್ನು ಹಿಮ್ಮುಖವಾಗಿ ಒದೆಯುತ್ತದೆ. ಸುತ್ತಿ ಹಿಡಿದ ಹೆಬ್ಬೆರಳು ಮುರಿಯುತ್ತದೆ, ಮಡಿಸಿಟ್ಟ ಹೆಬ್ಬೆರಳಾದರೆ ಹಿಡಿ ತಾನಾಗಿ ಜಾರಿ ಕೈ ಉಳಿಯುತ್ತದೆ. “ಬಲ ಇದ್ದರೆ ಸಾಲದು, ಬಿಡೋದೂ ಗೊತ್ತಿರಬೇಕು” ಎಂದು ಅಣ್ಣ ಹೇಳುತ್ತಿದ್ದರು.

ಈ ಕೈತಿರುವಿನ ಕಷ್ಟವನ್ನು ಲೋಕದಿಂದ ತೊಲಗಿಸಿದವರಲ್ಲಿ ಮುಖ್ಯನು ಅಮೆರಿಕದ ಡೇಟನ್ ನಗರದ ಚಾರ್ಲ್ಸ್ ಕೆಟರಿಂಗ್ ಎಂಬ ಎಂಜಿನಿಯರು. ಅವನು ಮೊದಲು ಅಂಗಡಿಗಳ ಹಣದೆಣಿಕೆಯ ಯಂತ್ರಕ್ಕೆ ವಿದ್ಯುತ್ತಿನ ಮೋಟರು ಜೋಡಿಸುವ ಕೆಲಸದಲ್ಲಿದ್ದನು. ಅಲ್ಲಿ ಅವನಿಗೆ ಹೊಳೆದ ಸಂಗತಿ ಬಹು ಸರಳವಾದದ್ದು, ಸರಳವಾದುದರಿಂದಲೇ ಇತರರಿಗೆ ಹೊಳೆಯದೆ ಹೋದದ್ದು: ಕೆಲವೇ ಕ್ಷಣಗಳ ಕೆಲಸಕ್ಕೆ ದೊಡ್ಡ ಮೋಟರು ಬೇಕಿಲ್ಲ, ಚಿಕ್ಕ ಮೋಟರಿನ ಮೇಲೆಯೇ ಅದರ ಶಕ್ತಿಗೆ ಮೀರಿದ ಹೊರೆಯನ್ನು ಆ ಕೆಲವು ಕ್ಷಣ ಹೊರಿಸಬಹುದು, ಸುಡುವುದಕ್ಕೆ ಮುಂಚೆ ಅದಕ್ಕೆ ವಿಶ್ರಾಂತಿ ಸಿಕ್ಕಿಬಿಡುತ್ತದೆ. 1912ರ ಕ್ಯಾಡಿಲಾಕ್ ಕಾರು ಅವನ ಸೆಲ್ಫ್ ಸ್ಟಾರ್ಟರಿನೊಡನೆ ಮಾರುಕಟ್ಟೆಗೆ ಬಂದಿತು. ಅಣ್ಣನಿಗೆ ಕೆಟರಿಂಗನ ಹೆಸರು ಗೊತ್ತಿತ್ತೋ ಇಲ್ಲವೋ. ಆದರೆ ನಾನು ಕೀಲಿಕೈಯನ್ನು ಬಹಳ ಹೊತ್ತು ತಿರುಗಿಸಿ ಹಿಡಿದರೆ, “ಪಾಪ, ಸೆಲ್ಫನ್ನ ಗೋಳುಹೊಯ್ಕೋಬೇಡ, ಬಿಡು, ಸ್ವಲ್ಪ ಸುಧಾರಿಸಿಕೊಳ್ಳಲಿ” ಎನ್ನುತ್ತಿದ್ದ ಅವರ ಮಾತಿನಲ್ಲಿ ಆ ಶೋಧದ ಸಾರವೆಲ್ಲ ಅಡಗಿತ್ತು.

ಸೆಲ್ಫ್ ಬಂದ ಮೇಲೂ ಬಹುಕಾಲ ಅದಕ್ಕೆ ಪ್ರತ್ಯೇಕವಾದ ಗುಂಡಿಯೋ ಮೆಟ್ಟೋ ಇರುತ್ತಿತ್ತು; ಕೀಲಿಕೈಯೊಂದನ್ನೇ ತಿರುಗಿಸಿ ಎಂಜಿನ್ನನ್ನು ಎಬ್ಬಿಸುವ ಸೌಕರ್ಯವನ್ನು 1949ರಲ್ಲಿ ತಂದವರು ಅಮೆರಿಕದ ಕ್ರೈಸ್ಲರ್ ಕಂಪೆನಿಯವರು. ಆ ಹೆಸರು ಬಂದಾಗ ಕನ್ನಡಿಗನಾದವನಿಗೆ ಮತ್ತೊಂದು ನೆನಪೂ ಬರಬೇಕು. ಮೋಕ್ಷಗುಂಡಂ ವಿಶ್ವೇಶ್ವರಯ್ಯನವರು ನಮ್ಮ ದೇಶದಲ್ಲಿಯೇ ಮೋಟಾರು ಕಾರುಗಳನ್ನು ನಿರ್ಮಿಸಬೇಕೆಂಬ ಒಂದೇ ಧ್ಯಾನದಿಂದ, 1935ರಲ್ಲಿ, ಎಪ್ಪತ್ತು ದಾಟಿದ ವಯಸ್ಸಿನಲ್ಲಿ, ಯುರೋಪು ಅಮೆರಿಕಗಳನ್ನು ಸುತ್ತಿ ಕಾರ್ಖಾನೆಗಳನ್ನು ನೋಡಿ ಬಂದರು. ಅಂದಿನ ಬ್ರಿಟಿಷ್ ಸರ್ಕಾರದಿಂದ ಬೆಂಬಲ ದೊರೆಯಲಿಲ್ಲ. ಅವರೊಡನೆ ಆ ಕನಸನ್ನು ಹಂಚಿಕೊಂಡಿದ್ದ ಉದ್ಯಮಿ ವಾಲ್‌ಚಂದ್ ಹೀರಾಚಂದರು 1940ರಲ್ಲಿ ನಮ್ಮ ಬೆಂಗಳೂರಿಗೆ ತಂದದ್ದು ಕಾರಿನ ಬದಲು ವಿಮಾನದ ಕಾರ್ಖಾನೆಯನ್ನು. 1944ರಲ್ಲಿ ಅವರು ಪ್ರೀಮಿಯರ್ ಆಟೊಮೊಬೈಲ್ಸ್ ಕಂಪೆನಿಯನ್ನು ಸ್ಥಾಪಿಸಿದಾಗ ಕಾರಿನ ಕಾರ್ಖಾನೆ ಮುಂಬಯಿಯ ಕುರ್ಲಾದ ಪಾಲಾಯಿತು, ಮತ್ತು ಮೊದಲು ಅದರ ಕೈಹಿಡಿದವರು ಅದೇ ಕ್ರೈಸ್ಲರ್‌ನವರು. ಅನಂತರ ಅಲ್ಲಿಗೆ ಇಟಲಿಯ ಫಿಯೆಟ್ ಬಂದಿತು, ಅಲ್ಲಿಂದ ಪದ್ಮಿನಿ, ಅಲ್ಲಿಂದ ನಮ್ಮ ಮನೆಯ ಮುಂದಿನ ಸಂಪಿಗೆಮರದ ನೆರಳು. ವಿಶ್ವೇಶ್ವರಯ್ಯನವರ ಧ್ಯಾನದ ಒಂದು ತುಣುಕು ನಮ್ಮ ಬಾಗಿಲಲ್ಲಿ ನಿಂತಿದೆಯೆಂದು ಭಾವಿಸುವುದು ನನಗೆ ಯಾವಾಗಲೂ ಅಭಿಮಾನದ ಸಂಗತಿ. ಅದನ್ನು ಗುಜರಿಗೆ ಹಾಕಿರೆಂದು ಹಿತವಚನ ಹೇಳುವ ಬಂಧುಗಳಿಗೆ ನಾನು ಕಿವಿಗೊಡದೆ ಇರುವುದಕ್ಕೆ ಕಾರಣಗಳಲ್ಲಿ ಇದೂ ಒಂದು.

ಪರಿಷೆ ಮುಗಿದ ಮೇಲೆ ಕಾರನ್ನು ಬೀದಿಯ ಕೊನೆಯ ಆಟೋ ಎಲೆಕ್ಟ್ರಿಕಲ್ ಅಂಗಡಿಗೆ ಒಯ್ದೆನು. ಅಲ್ಲಿಯ ಮೇಸ್ತ್ರಿಗಳು ವಯಸ್ಸಾದವರು. ಅವರ ಬಳಿಯ ಮುಖ್ಯ ಆಯುಧವೆಂದರೆ ಎರಡು ತಂತಿಗಳ ನಡುವೆ ಕಟ್ಟಿದ ಒಂದು ಸಣ್ಣ ಬಲ್ಬು. ಒಂದು ತಂತಿಯನ್ನು ಕಾರಿನ ಮೈಗೆ ಸಿಕ್ಕಿಸಿ, ಇನ್ನೊಂದರ ತುದಿಯನ್ನು ಸ್ವಿಚ್ಚಿನ ಹಿಂದಿನ ಮೊಳೆಗಳಿಗೆ ಒಂದೊಂದಾಗಿ ಮುಟ್ಟಿಸುತ್ತ ಹೋದರು. ಬ್ಯಾಟರಿಯ ತಂತಿ ಬರುವ ಮೊಳೆಯಲ್ಲಿ ಬಲ್ಬು ಸ್ಥಿರವಾಗಿ ಬೆಳಗಿತು. ಕೀಲಿಕೈ ತಿರುಗಿಸಿ ಸೆಲ್ಫಿನ ಮೊಳೆಯನ್ನು ಮುಟ್ಟಿದಾಗ ಅದು ಒಮ್ಮೆ ಮಂಕಾಗಿ ಮಿಣುಕಿ ಆರಿತು, ಮತ್ತೆ ಮಿಣುಕಿತು. “ನೋಡಿ ಸ್ವಾಮಿ, ಬರೋದು ಬರ್ತಾ ಇದೆ, ಹೋಗೋದೇ ಅನುಮಾನ” ಎಂದರು. ಕೀಲಿಗೊಂಚಲನ್ನು ಕೈಯಲ್ಲಿ ಹಿಡಿದು ತೂಗಿ ನೋಡಿದರು. ಅದರಲ್ಲಿ ಮುಂಬಾಗಿಲಿನದು, ಗೇಟಿನದು, ಬೀರುವಿನದು, ಊರ ಮನೆಯ ಉಗ್ರಾಣದ್ದು, ಇವೆಲ್ಲಕ್ಕೂ ಮೇಲಾಗಿ ಧರ್ಮಸ್ಥಳದಿಂದ ತಂದ ಹಿತ್ತಾಳೆಯ ಬಿಲ್ಲೆ ಇದ್ದವು. “ಇಷ್ಟು ಭಾರ ನೇತು ಹಾಕಿದರೆ ಒಳಗಿನ ಹಿತ್ತಾಳೆ ಸವೆಯದೆ ಇರುತ್ತಾ? ಸ್ವಿಚ್ಚು ಬದಲಾಯಿಸಿ. ಇದಕ್ಕೆ ನನಗ್ಯಾಕೆ ಕೂಲಿ ಕೊಡ್ತೀರಿ, ಮನೇಲೇ ಹಾಕ್ಕೊಳ್ಳಿ. ಒಂದು ಮಾತ್ರ ನೆನಪಿಟ್ಕೊಳ್ಳಿ: ಮೊದಲು ಅರ್ತು, ಆಮೇಲೆ ಮಿಕ್ಕಿದ್ದು.” ಬರುವ ಕೂಲಿಯನ್ನು ಬೇಡವೆಂದು ಹೇಳಿ, ತನ್ನ ವಿದ್ಯೆಯನ್ನು ಗಿರಾಕಿಯ ಕೈಗೇ ಕೊಟ್ಟು ಕಳಿಸುವ ಕಸುಬುದಾರರು ಇನ್ನೂ ಇದ್ದಾರೆ, ಅವರಿಗೆ ನಾನು ಮನಸಾರೆ ನಮಸ್ಕಾರ ಮಾಡುತ್ತೇನೆ.

ಜೆ.ಸಿ. ರಸ್ತೆಯಲ್ಲಿ ಹಳೆಯ ಗಾಡಿಗಳ ಬಿಡಿಭಾಗಗಳನ್ನು ಇಂದಿಗೂ ಮಾರುವ ಅಂಗಡಿಗಳಿವೆ. ಹಳೆಯ ಸ್ವಿಚ್ಚಿನ ಅಳತೆಯನ್ನೂ ಹಿಂದಿನ ಮೊಳೆಗಳ ಗುರುತನ್ನೂ ಹೇಳಿದೊಡನೆ ಅಂಗಡಿಯವರು ಏಣಿ ಹತ್ತಿ, ಧೂಳು ಹಿಡಿದ ರಟ್ಟಿನ ಪೆಟ್ಟಿಗೆಯೊಂದನ್ನು ಇಳಿಸಿದರು. ಅದರ ಗಾತ್ರ ಒಂದು ನಿಂಬೆಹಣ್ಣಿಗಿಂತ ಹೆಚ್ಚಿರಲಾರದು. ಜೊತೆಗೆ ದಾರದಲ್ಲಿ ಕಟ್ಟಿದ ಎರಡು ಹೊಸ ಕೀಲಿಕೈಗಳು.

ಭಾನುವಾರ ಬೆಳಿಗ್ಗೆ ಕಾಫಿಯಾದ ಮೇಲೆ ಕೆಲಸಕ್ಕೆ ಕುಳಿತೆವು. ಬಹುವಚನವನ್ನು ಬಳಸುವುದಕ್ಕೆ ಕಾರಣ ನನ್ನ ಮೊಮ್ಮಗಳು. ಬ್ಯಾಟರಿ ದೀಪ ಹಿಡಿಯುವುದೂ ಕಳಚಿದ ತಿರುಪುಗಳನ್ನು ಬಟ್ಟಲಿನಲ್ಲಿ ಕಾಯುವುದೂ ಅವಳ ಅಧಿಕಾರಕ್ಕೆ ಸೇರಿದ್ದವು. ಮೇಸ್ತ್ರಿಗಳ ಆಜ್ಞೆಯಂತೆ ಮೊದಲು ಬಾನೆಟ್ ಎತ್ತಿ ಬ್ಯಾಟರಿಯ ಅರ್ತ್ ತಂತಿಯನ್ನು ಕಳಚಿದೆನು. ಈ ನಿಯಮದ ಹಿಂದಿರುವ ವಿವೇಕವನ್ನು ಹೇಳಲೇಬೇಕು. ಕಾರಿನ ಇಡೀ ಲೋಹದ ಮೈಯೇ ಬ್ಯಾಟರಿಯ ಒಂದು ತುದಿಗೆ ಅಂಟಿಕೊಂಡಿದೆ. ಇನ್ನೊಂದು ತುದಿಯನ್ನು ಮೊದಲು ಕಳಚಲು ಹೋಗಿ, ಕೈಯಲ್ಲಿರುವ ಸ್ಪ್ಯಾನರು ತಗಡಿಗೆ ತಾಗಿತೆಂದರೆ ಎರಡು ತುದಿಗಳೂ ಆ ಸ್ಪ್ಯಾನರಿನ ಮೂಲಕ ಕೂಡಿ, ನೂರಾರು ಆಂಪಿಯರುಗಳ ಕಿಡಿ ಸಿಡಿದು, ಉಕ್ಕೇ ಕೆಂಪಾಗುತ್ತದೆ. ಅರ್ತನ್ನು ಮೊದಲು ಬಿಡಿಸಿದರೋ, ಆಮೇಲೆ ಸ್ಪ್ಯಾನರು ಎಲ್ಲಿ ತಾಗಿದರೂ ಭಯವಿಲ್ಲ; ಮರಳಿ ಜೋಡಿಸುವಾಗ ಅದೇ ಕೊನೆಯದು.

ಮುಂದಿನ ಸೀಟನ್ನು ಹಿಂದಕ್ಕೆ ಸರಿಸಿ, ಬೆನ್ನಡಿಯಾಗಿ ಮಲಗಿ, ತಲೆಯನ್ನು ಪೆಡಲುಗಳ ಪಕ್ಕಕ್ಕೆ ತೂರಿಸಿದಾಗ ನನಗೆ ಕಂಡದ್ದು ನಾನು ಬಾಲ್ಯದಿಂದ ಕುಳಿತು ಬಂದ ಕಾರಿನ, ಆದರೆ ಅದುವರೆಗೆ ನೋಡಿಯೇ ಇರದ ಮುಖ. ಕಪ್ಪು ಪಟ್ಟಿ ಸುತ್ತಿದ ತಂತಿಗಳ ಕಟ್ಟು, ಸ್ಪೀಡೋಮೀಟರಿನ ಕೇಬಲ್ಲು, ತಗಡಿನ ಒಳಮೈಯಲ್ಲಿ ಕಾರ್ಖಾನೆಯ ಬಣ್ಣ ಮೊದಲ ದಿನದಷ್ಟೇ ಹೊಸದಾಗಿ, ಮೂಲೆಯಲ್ಲಿ ಯಾವ ಕಾಲದ್ದೋ ಒಂದು ಕಡಲೆಕಾಯಿಯ ಸಿಪ್ಪೆ. ಎಲ್ಲದರ ಮೇಲೆ ಹಳೆಯ ರಬ್ಬರು, ಪೆಟ್ರೋಲು, ತೆಂಗಿನ ನಾರಿನ ಚಾಪೆ ಇವು ಮೂರೂ ಬೆರೆತ ಒಂದು ವಾಸನೆ. ಸ್ವಿಚ್ಚಿನ ಹಿಂಬದಿಯಲ್ಲಿ ಮೊಳೆಗಳ ಪಕ್ಕಕ್ಕೆ ಅಂಕಿಗಳನ್ನು ಕೊರೆದಿದ್ದರು. ಮೊಮ್ಮಗಳು ದೀಪವನ್ನು ಹತ್ತಿರ ತಂದು ಓದಿದಳು: ಮೂವತ್ತು, ಹದಿನೈದು, ಐವತ್ತು. “ಇದ್ಯಾವ ಮಗ್ಗಿ ತಾತ?” ಎಂದಳು. ಜರ್ಮನಿಯಲ್ಲಿ ಗೊತ್ತುಮಾಡಿ, ಯುರೋಪಿನ ಅನೇಕ ಕಾರುಗಳಲ್ಲಿ ಬಳಕೆಗೆ ಬಂದ ಅಂಕಿಗಳಿವು. 30 ಎಂದರೆ ಬ್ಯಾಟರಿಯಿಂದ ನೇರವಾಗಿ ಬರುವ ತಂತಿ, ಕೀಲಿಕೈ ಇರಲಿ ಬಿಡಲಿ ಅಲ್ಲಿ ವಿದ್ಯುತ್ತು ಸದಾ ಕಾದಿರುತ್ತದೆ. 15 ಎಂದರೆ ಕೀಲಿಕೈ ಮೊದಲ ಸಲ ತಿರುಗಿದಾಗ ಜೀವ ಬರುವ ತಂತಿ, ಇಗ್ನಿಶನ್ ಕಾಯಿಲಿಗೆ ಹೋಗಿ ಕಿಡಿ ಹುಟ್ಟಿಸುವಂಥದು. 50 ಎಂದರೆ ಪೂರ್ತಿ ತಿರುಗಿಸಿ ಹಿಡಿದಾಗ ಮಾತ್ರ ಸೆಲ್ಫಿಗೆ ಆಜ್ಞೆ ಒಯ್ಯುವ ತಂತಿ. ಅವಳು ಕಾಗದದ ಚೂರುಗಳ ಮೇಲೆ ಆ ಅಂಕಿಗಳನ್ನು ಬರೆದು, ಒಂದೊಂದು ತಂತಿಗೂ ಅಂಟಿಸಿದಳು. ಅಂಟಿಸಿ ಆದ ಮೇಲೆಯೇ ನಾನು ಅದನ್ನು ಕಳಚುತ್ತಿದ್ದೆನು.

ಈ ಐವತ್ತರ ತಂತಿ ಎಷ್ಟು ಸಣಕಲು! ಬ್ಯಾಟರಿಯಿಂದ ಸೆಲ್ಫ್ ಮೋಟರಿಗೆ ನೇರವಾಗಿ ಹೋಗುವ ಕೇಬಲ್ಲು ಬೆರಳಿನ ದಪ್ಪವಿದೆ, ಏಕೆಂದರೆ ಎಂಜಿನ್ನನ್ನು ತಿರುವುವ ಕ್ಷಣದಲ್ಲಿ ಅದರಲ್ಲಿ ನೂರಕ್ಕೂ ಮಿಕ್ಕ ಆಂಪಿಯರುಗಳು ಹರಿಯಬೇಕು. ಅಷ್ಟು ವಿದ್ಯುತ್ತನ್ನು ಡ್ಯಾಶ್‌ಬೋರ್ಡಿನ ಸ್ವಿಚ್ಚಿನ ಮೂಲಕ ಹರಿಸಿದ್ದರೆ ಅದು ಮೊದಲ ದಿನವೇ ಭಸ್ಮವಾಗುತ್ತಿತ್ತು. ಆದುದರಿಂದ ಸ್ವಿಚ್ಚು ಸಾಲನಾಯ್ಡ್ ಎಂಬ ಕಾಂತಸುರುಳಿಗೆ ಅಲ್ಪ ವಿದ್ಯುತ್ತನ್ನಷ್ಟೆ ಕಳಿಸುತ್ತದೆ. ಆ ಸುರುಳಿಯು ಒಳಗಿನ ಕಬ್ಬಿಣದ ಕಡ್ಡಿಯನ್ನು ಸೆಳೆದು, ದೊಡ್ಡ ತಾಮ್ರದ ತಟ್ಟೆಗಳನ್ನು ಕೂಡಿಸಿ, ಹೆಗ್ಗಾಲುವೆಯನ್ನು ತೆರೆಯುತ್ತದೆ. ಬೆರಳ ತುದಿಯ ಬಲದಿಂದ ಸಾವಿರ ಕಿಲೋ ತೂಕದ ಗಾಡಿ ಹೊರಡುವ ಈ ಏರ್ಪಾಡು ನನಗೆ ಎಷ್ಟು ಸಲ ನೆನೆದರೂ ಸೋಜಿಗವೇ.

ಹೊರಗಿನ ಬಿಲ್ಲೆಯಂತಹ ನಟ್ಟನ್ನು ಬಿಚ್ಚಿದಾಗ ಹಳೆಯ ಸ್ವಿಚ್ಚು ಒಳಕ್ಕೆ ಸರಿದು ಅಂಗೈಗೆ ಬಿದ್ದಿತು. ಹೊಸದನ್ನು ಅದರ ಸ್ಥಾನದಲ್ಲಿ ಕೂರಿಸಿ, ಕಾಗದದ ಗುರುತಿನಂತೆ ತಂತಿಗಳನ್ನು ಸಿಕ್ಕಿಸಿ, ಕೊನೆಗೆ ಅರ್ತನ್ನು ಬಿಗಿದೆವು. ಇದು ಹೇಳುವಷ್ಟೇ ಸುಲಭವಾಗಿ ಆಯಿತು. ಮೊಮ್ಮಗಳೇ ಕೀಲಿಕೈ ತಿರುಗಿಸಬೇಕೆಂದು ಹಟ ಹಿಡಿದಳು. ಗೇರು ನ್ಯೂಟ್ರಲ್ಲಿನಲ್ಲಿದೆಯೆಂದು ನೋಡಿಕೊಂಡು ಒಪ್ಪಿದೆನು. ಎಂಜಿನ್ನು ಒಂದೇ ಮಾತಿಗೆ ಎದ್ದಿತು. ಅಡುಗೆಮನೆಯಿಂದ ಬಂದ ನನ್ನ ಹೆಂಡತಿ ತಾನೂ ಒಮ್ಮೆ ನೋಡುವೆನೆಂದು ಕುಳಿತಳು. ಕೀಲಿಕೈಯನ್ನು ಒಳಕ್ಕೆ ತಳ್ಳಿ, ಕೂದಲೆಳೆಯಷ್ಟು ಹಿಂದಕ್ಕೆಳೆದು, ಕೆಳಮುಖವಾಗಿ ಒತ್ತಿ ತಿರುಗಿಸಿದಳು. ಬೇಡದ ಜಾಗದಲ್ಲಿಯೂ ಆ ವಿದ್ಯೆಯನ್ನು ಆಕೆಯ ಕೈ ಇಂದಿಗೂ ಬಿಟ್ಟಿಲ್ಲ.

ಹಳೆಯ ಸ್ವಿಚ್ಚನ್ನು ನಾವು ಎಸೆಯಲಿಲ್ಲ. ಮಧ್ಯಾಹ್ನ ಜಗುಲಿಯ ಮೇಲೆ ವೃತ್ತಪತ್ರಿಕೆ ಹಾಸಿ, ಅದರ ತಗಡಿನ ಕಿವಿಗಳನ್ನು ಇಕ್ಕಳದಿಂದ ಎತ್ತಿ ಬಿಚ್ಚಿದೆವು. ಒಂದು ಸ್ಪ್ರಿಂಗು, ಸಾಸಿವೆಗಿಂತ ತುಸು ದೊಡ್ಡದಾದ ಉಕ್ಕಿನ ಗುಂಡು, ಗುಂಡು ಕೂರುವುದಕ್ಕೆ ಕೊರೆದ ತಗ್ಗುಗಳು, ಕೀಲಿಕೈಯೊಡನೆ ತಿರುಗುವ ಒಂದು ಹಿತ್ತಾಳೆಯ ತಟ್ಟೆ, ಅದಕ್ಕೆ ಎದುರಾಗಿ ತಾಮ್ರದ ಮೊಳೆತಲೆಗಳು. ಕೀಲಿಕೈ ತಿರುಗಿಸುವಾಗ ಬೆರಳಿಗೆ ತಿಳಿಯುವ “ಟಿಕ್” ಎಂಬ ಮೆಟ್ಟಿಲು ಆ ಗುಂಡು ಒಂದು ತಗ್ಗಿನಿಂದ ಇನ್ನೊಂದಕ್ಕೆ ಬೀಳುವುದರಿಂದ ಆಗುವಂಥದು. ಐವತ್ತರ ಮೊಳೆತಲೆ ಮಾತ್ರ ಸೀದ ದೋಸೆಯ ತಳದ ಹಾಗೆ ಕಪ್ಪಾಗಿ ಹಳ್ಳಬಿದ್ದಿತ್ತು. ಕೂಡಿದ ಲೋಹಗಳು ಅಗಲುವ ಪ್ರತಿಯೊಂದು ಸಲವೂ ಅವುಗಳ ನಡುವೆ ಕಣ್ಣಿಗೆ ಕಾಣದಷ್ಟು ಚಿಕ್ಕ ಕಿಡಿಯೊಂದು ಹಾರುತ್ತದೆ. ಹಾರಿದಾಗ ತಾಮ್ರದ ಒಂದು ಕಣವನ್ನು ಸುಡುತ್ತದೆ. ಸುಟ್ಟ ಮಸಿಯು ವಿದ್ಯುತ್ತಿಗೆ ಅಡ್ಡ ನಿಲ್ಲುತ್ತದೆ. ಅಡ್ಡ ನಿಂತಲ್ಲಿ ಶಾಖ ಹುಟ್ಟಿ ಸ್ಪ್ರಿಂಗು ಮೆತ್ತಗಾಗುತ್ತದೆ. ಅಣ್ಣ ಕಚೇರಿಗೆ ಹೊರಟ ಬೆಳಗುಗಳು, ಅಕ್ಕನ ಮದುವೆಯ ಓಡಾಟ, ಅಮ್ಮನನ್ನು ನಡುರಾತ್ರಿ ಆಸ್ಪತ್ರೆಗೆ ಕರೆದೊಯ್ದ ಹೊತ್ತು, ಇವೆಲ್ಲಕ್ಕೂ ಆ ಮೊಳೆತಲೆ ಒಂದೊಂದು ಕಣದ ಬೆಲೆ ತೆತ್ತಿತ್ತು. ನಾವು ಸಹಜವೆಂದು ಎಣಿಸಿದ್ದ ಹೊರಡುವಿಕೆಗೆಲ್ಲ ಎಲ್ಲಿಯೋ ಒಂದು ವಸ್ತು ತನ್ನನ್ನು ಸವೆಯಿಸಿಕೊಂಡಿರುತ್ತದೆಯೆಂಬುದನ್ನು ನಾನು ಆ ಜಗುಲಿಯ ಮೇಲೆ ಕಣ್ಣಿನಿಂದ ನೋಡಿದೆನು.

“ಇಷ್ಟು ಸಣ್ಣದಕ್ಕೆ ಇಷ್ಟು ದೊಡ್ಡ ಕಾರು ನಿಂತುಬಿಡ್ತಾ?” ಎಂದು ಮೊಮ್ಮಗಳು ಕೇಳಿದಳು. ಅವಳಿಗೆ ನಾನು ಹೇಳದೆ ಉಳಿಸಿಕೊಂಡದ್ದನ್ನು ಓದುಗರಿಗೆ ಹೇಳುತ್ತೇನೆ. ಇಂಥದೇ ಸ್ಪ್ರಿಂಗು ಬೇಕಾದಷ್ಟು ಬಿಗಿಯಿಲ್ಲದೆ ಹೋದುದರಿಂದ ಅಮೆರಿಕದಲ್ಲಿ ಜನ ಸತ್ತಿದ್ದಾರೆ. ರಸ್ತೆಯ ಕುಲುಕಿಗೋ ಗೊಂಚಲಿನ ಭಾರಕ್ಕೋ ಓಡುವ ಕಾರಿನಲ್ಲಿಯೇ ಕೀಲಿಕೈ ಹಿಂದಕ್ಕೆ ಜಾರಿ, ಎಂಜಿನ್ನು ನಿಂತು, ಅಪಘಾತದ ಹೊತ್ತಿಗೆ ಉಬ್ಬಬೇಕಾದ ಗಾಳಿಚೀಲಗಳು ಉಬ್ಬದೆ ಹೋಗುತ್ತಿದ್ದವು. ಜನರಲ್ ಮೋಟರ್ಸ್ ಕಂಪೆನಿಯು 2014ರಲ್ಲಿ ಈ ಸ್ವಿಚ್ಚಿನ ಸಲುವಾಗಿ ಸುಮಾರು 26 ಲಕ್ಷ ಕಾರುಗಳನ್ನು ಹಿಂದಕ್ಕೆ ಕರೆಸಿತು. ಪರಿಹಾರನಿಧಿಯವರು ಒಪ್ಪಿಕೊಂಡ ಸಾವುಗಳು 124. ಸ್ವಿಚ್ಚು ಬದಲಾಗುವ ತನಕ ಕಂಪೆನಿಯು ಜನಕ್ಕೆ ಕೊಟ್ಟ ಸಲಹೆ, ಗೊಂಚಲಿನಲ್ಲಿರುವ ಬೇರೆ ಎಲ್ಲವನ್ನೂ ಬಿಡಿಸಿ ಕಾರಿನ ಕೀಲಿಕೈಯೊಂದನ್ನೇ ಬಳಸಿರೆಂದು. ನಮ್ಮ ಬೀದಿಯ ಮೇಸ್ತ್ರಿಗಳು ಗೊಂಚಲನ್ನು ಕೈಯಲ್ಲಿ ತೂಗಿ ಹೇಳಿದ್ದೂ ಅದನ್ನೇ.

ಅವಳಿಗೆ ನಾನು ಹೇಳಿದ್ದು ಬೇರೊಂದು ಕಥೆ. ಕಾರು ಎಂಬ ವಸ್ತುವನ್ನು ಜನ ಇನ್ನೂ ನಂಬದಿದ್ದ 1888ರ ಆಗಸ್ಟಿನಲ್ಲಿ, ಬೆರ್ಥಾ ಬೆಂಜ್ ಎಂಬ ಹೆಂಗಸು ತನ್ನ ಗಂಡ ನಿರ್ಮಿಸಿದ್ದ ಮೂರು ಚಕ್ರದ ಗಾಡಿಯನ್ನು ಅವನಿಗೆ ತಿಳಿಸದೆಯೇ ಹೊರಡಿಸಿಕೊಂಡು, ಇಬ್ಬರು ಗಂಡುಮಕ್ಕಳನ್ನು ಕೂರಿಸಿಕೊಂಡು ಮಾನ್‌ಹೈಮಿನಿಂದ ಫೋರ್ಟ್ಸ್‌ಹೈಮಿನ ತವರಿಗೆ ಹೋದಳು. ದಾರಿಯಲ್ಲಿ ಇಂಧನದ ನಳಿಗೆ ಕಟ್ಟಿಕೊಂಡಿತು. ಟೋಪಿಯ ಪಿನ್ನಿನಿಂದ ಅದನ್ನು ಬಿಡಿಸಿದಳು. ಕಿಡಿಯ ತಂತಿಯ ಹೊದಿಕೆ ಹರಿಯಿತು. ಕಾಲುಚೀಲದ ಪಟ್ಟಿಯನ್ನು ತೆಗೆದು ಅದಕ್ಕೆ ಸುತ್ತಿದಳು. ಇಂಧನ ಮುಗಿದಾಗ ಔಷಧದ ಅಂಗಡಿಯಲ್ಲಿ ಕೊಂಡಳು. ಲೋಕದಲ್ಲಿ ಮೊದಲ ದೂರಪ್ರಯಾಣ ಮಾಡಿದ ಕಾರಿನ ಇಗ್ನಿಶನ್ ತಂತಿಯನ್ನು ಸರಿಪಡಿಸಿದ್ದು ಹೀಗೆ ಒಬ್ಬ ತಾಯಿ, ತನ್ನ ಮೈಮೇಲಿದ್ದ ವಸ್ತುವಿನಿಂದ. ಮೊಮ್ಮಗಳು ಇದನ್ನು ಕೇಳಿದ ಮೇಲೆ ಅಜ್ಜಿಯ ಪಿನ್ನುಗಳನ್ನು ಆಯ್ದು ಕಾರಿನ ಗೂಡಿನಲ್ಲಿಟ್ಟಿದ್ದಾಳೆ; ನಾನು ತೆಗೆದಿಲ್ಲ.

ಹೊಸ ಕಾರುಗಳಲ್ಲಿ ಈ ಕೆಲಸವನ್ನು ಮನೆಯಲ್ಲಿ ಮಾಡಲು ಹೊರಡುವವರು ಎಚ್ಚರವಾಗಿರಬೇಕು. ಸ್ವಿಚ್ಚು ಸ್ಟಿಯರಿಂಗಿನ ಕಂಬಕ್ಕೆ ಸೇರಿ ಬೀಗವೂ ಆಗಿರುತ್ತದೆ. ಕಳ್ಳರು ಬಿಚ್ಚಬಾರದೆಂದು ಅದರ ಬೋಲ್ಟುಗಳ ತಲೆಯನ್ನೇ ಮುರಿದು ಬಿಟ್ಟಿರುತ್ತಾರೆ. ಎದುರಿಗೇ ಗಾಳಿಚೀಲ ಮಡಿಸಿಕೊಂಡು ಕುಳಿತಿರುತ್ತದೆ. ಕೀಲಿಕೈಯೊಳಗಿನ ಚಿಪ್ಪನ್ನು ಕಾರು ಗುರುತಿಸದಿದ್ದರೆ ಎಂಜಿನ್ನು ಏಳುವುದೇ ಇಲ್ಲ. ಇನ್ನು ಕೆಲವದರಲ್ಲಿ ಕೀಲಿಕೈಯ ತೂತೇ ಇಲ್ಲ, ಗುಂಡಿಯೊಂದಿರುತ್ತದೆ. ಕಳ್ಳತನ ಕಡಿಮೆಯಾಯಿತೆಂಬುದು ಒಳ್ಳೆಯದೇ. ಆದರೂ ತಾನು ಹಣ ಕೊಟ್ಟು ಕೊಂಡ ವಸ್ತುವಿನ ಒಳಗನ್ನು ನೋಡುವ ಬಾಗಿಲು ಒಡೆಯನಿಗೆ ಒಂದೊಂದಾಗಿ ಮುಚ್ಚಿಹೋಗುತ್ತಿರುವುದು ನನಗೆ ನಿಜವಾಗಿಯೂ ವ್ಯಸನದ ಸಂಗತಿ. ಜಗುಲಿಯ ಮೇಲೆ ಬಿಚ್ಚಿ ಹರವಿದ ಸ್ವಿಚ್ಚಿನ ಮುಂದೆ ಕುಳಿತ ಮಗುವಿಗೆ ಒಂದು ಮಧ್ಯಾಹ್ನದಲ್ಲಿ ತಿಳಿದಷ್ಟು ವಿದ್ಯುತ್ತು, ಪುಸ್ತಕದ ಚಿತ್ರದಿಂದ ಒಂದು ವರ್ಷದಲ್ಲಿ ತಿಳಿಯದು.

ಆದುದರಿಂದ ಓದುಗರಲ್ಲಿ ನನ್ನ ಬಿನ್ನಹ ಇಷ್ಟೆ. ಹಳೆಯ ಗಾಡಿಯಿದ್ದವರು ಸ್ವಿಚ್ಚು ಸತಾಯಿಸಲು ತೊಡಗಿದಾಗ ಅದರ ಓರೆಕೋರೆಗಳಿಗೆ ಕೈಯನ್ನು ಪಳಗಿಸಿಕೊಳ್ಳದೆ, ಒಂದು ರಜದ ದಿನ ಅದನ್ನು ಬದಲಾಯಿಸಿರಿ. ಮೊದಲು ಅರ್ತನ್ನು ಕಳಚಿರಿ, ತಂತಿಗಳಿಗೆ ಗುರುತು ಹಚ್ಚಿರಿ, ಪಕ್ಕದಲ್ಲಿ ಮಕ್ಕಳನ್ನು ಕೂರಿಸಿಕೊಳ್ಳಿರಿ. ಗಾಡಿ ಹೊಸದಿರಲಿ ಹಳೆಯದಿರಲಿ, ಅದರ ಕೀಲಿಕೈಯಿಂದ ಮನೆಯ, ಬೀರುವಿನ, ಉಗ್ರಾಣದ ಕೀಲಿಗಳನ್ನೆಲ್ಲ ಈ ಹೊತ್ತೇ ಬಿಡಿಸಿ ಬೇರೆ ಉಂಗುರಕ್ಕೆ ಹಾಕಿರಿ.